ಯುದ್ಧ ಬೇಡ ಎಂಬ ಕೂಗು ಮತವಾಗುವುದು ಹೇಗೆ?

ಬೀದಿಯಲ್ಲಿ ಘೋಷಣೆ ಕೂಗಿದರೆ ಯುದ್ಧ ನಿಲ್ಲುತ್ತದೆಯೇ ಎಂದು ನೀವು ಕೇಳಬಹುದು. ಘೋಷಣೆಯೊಂದರಿಂದಲೇ ನಿಲ್ಲುವುದಿಲ್ಲ. ಅದು ಮತವಾಗಬೇಕು. ಹೇಗೆ ಎಂದು ತಿಳಿಯಲು ಅಮೆರಿಕದ 1968ರ ಚುನಾವಣೆಯನ್ನು ನೋಡಿ.

ಅಲ್ಲಿ ‘ಪ್ರೈಮರಿ’ ಎಂಬ ವ್ಯವಸ್ಥೆಯಿದೆ. ಪಕ್ಷದ ಅಭ್ಯರ್ಥಿ ಯಾರಾಗಬೇಕೆಂದು ಮತದಾರರೇ ಹೇಳುವ ಒಳಚುನಾವಣೆ ಅದು. ನಮ್ಮಲ್ಲಿ ಟಿಕೆಟ್ ಯಾರಿಗೆಂದು ಹೈಕಮಾಂಡ್ ತೀರ್ಮಾನಿಸುತ್ತದಲ್ಲ, ಹಾಗಲ್ಲ. ವಿಯೆಟ್ನಾಂ ಯುದ್ಧದ ವಿರೋಧಿಗಳು ಹಿಡಿದದ್ದು ಇದೇ ದಾರಿ. ಅಲಾರ್ಡ್ ಲೋವೆನ್‌ಸ್ಟೈನ್ ಮತ್ತು ಸಂಗಡಿಗರು 1967ರಲ್ಲಿ ಅಧ್ಯಕ್ಷ ಲಿಂಡನ್ ಜಾನ್ಸನ್ ವಿರುದ್ಧ ನಿಲ್ಲಲು ಅವರದೇ ಡೆಮಾಕ್ರಟಿಕ್ ಪಕ್ಷದಲ್ಲಿ ಒಬ್ಬರನ್ನು ಹುಡುಕಿದರು. ಸೆನೆಟರ್ ರಾಬರ್ಟ್ ಕೆನಡಿ ಒಲ್ಲೆ ಎಂದರು. ಮಿನ್ನೆಸೋಟದ ಸೆನೆಟರ್ ಯೂಜೀನ್ ಮೆಕಾರ್ಥಿ ಒಪ್ಪಿದರು.

ಆಮೇಲಿನದೆಲ್ಲ ಕಾಲು ಸವೆಸುವ ಕೆಲಸ. ನ್ಯೂ ಹ್ಯಾಂಪ್‌ಶೈರ್‌ನ ಚಳಿಯಲ್ಲಿ ಕಾಲೇಜು ಹುಡುಗ ಹುಡುಗಿಯರು ಮನೆಮನೆಯ ಬಾಗಿಲು ತಟ್ಟಿದರು. ಗಡ್ಡ, ಉದ್ದಗೂದಲು ಕಂಡರೆ ಹಿರಿಯರು ಮುಖ ತಿರುಗಿಸಿಯಾರೆಂದು ಹುಡುಗರು ಗಡ್ಡ ಬೋಳಿಸಿ, ಕ್ರಾಪು ಮಾಡಿಸಿಕೊಂಡು ಹೊರಟರು. ಈ ವಿವೇಕವನ್ನು ನಾನು ಬಹಳ ಮೆಚ್ಚುತ್ತೇನೆ. ಅವರು ಹೋದದ್ದು ಜಗಳಕ್ಕಲ್ಲ, ಮತ ಕೇಳಲು.

1968ರ ಮಾರ್ಚ್ 12ರಂದು ಅಲ್ಲಿನ ಪ್ರೈಮರಿಯಲ್ಲಿ ಮೆಕಾರ್ಥಿಗೆ ಸುಮಾರು ಶೇ 42 ಮತ ಬಿತ್ತು. ಜಾನ್ಸನ್‌ಗೆ ಸುಮಾರು ಶೇ 49. ಸೋತರಲ್ಲ, ಏನು ಬಂತು ಎನ್ನುತ್ತೀರಾ? ಅಧಿಕಾರದಲ್ಲಿರುವ ಅಧ್ಯಕ್ಷರಿಗೆ ಸ್ವಂತ ಪಕ್ಷದಲ್ಲೇ ಬೆಂಬಲ ಕುಸಿದದ್ದು ಎಲ್ಲರಿಗೂ ಕಂಡಿತು. ನಾಲ್ಕೇ ದಿನಕ್ಕೆ ಕೆನಡಿಯೂ ಕಣಕ್ಕಿಳಿದರು. ಮಾರ್ಚ್ 31ರಂದು ಜಾನ್ಸನ್ ಟಿವಿಯಲ್ಲಿ ಬಾಂಬ್ ದಾಳಿ ಕಡಿಮೆ ಮಾಡುವುದಾಗಿ ಹೇಳಿ, ತಾವು ಮತ್ತೆ ಸ್ಪರ್ಧಿಸುವುದಿಲ್ಲ ಎಂದರು. ಜನವರಿ ಕೊನೆಯಲ್ಲಿ ವಿಯೆಟ್ನಾಂನ ಕಮ್ಯುನಿಸ್ಟ್ ಪಡೆಗಳು ನಡೆಸಿದ ಟೆಟ್ ದಾಳಿಯೂ ಜನರ ನಂಬಿಕೆ ಕದಡಿತ್ತು ಎಂಬುದನ್ನು ಮರೆಯಬಾರದು.

ಇದಕ್ಕೆ ತೆತ್ತ ಬೆಲೆಯೂ ಇದೆ. ಆಗ ಪ್ರೈಮರಿ ಇದ್ದದ್ದು ಕೆಲವೇ ರಾಜ್ಯಗಳಲ್ಲಿ. ಒಂದು ಪ್ರೈಮರಿಯಲ್ಲೂ ಕಣಕ್ಕಿಳಿಯದ ಉಪಾಧ್ಯಕ್ಷ ಹ್ಯೂಬರ್ಟ್ ಹಂಫ್ರಿ ಅವರನ್ನು ಪಕ್ಷ ಶಿಕಾಗೊ ಅಧಿವೇಶನದಲ್ಲಿ ಅಭ್ಯರ್ಥಿಯಾಗಿ ಆರಿಸಿತು. ಒಡೆದ ಪಕ್ಷ ನವೆಂಬರಿನಲ್ಲಿ ರಿಪಬ್ಲಿಕನ್ ಪಕ್ಷದ ರಿಚರ್ಡ್ ನಿಕ್ಸನ್ ಎದುರು ಸೋತಿತು. ಅಮೆರಿಕದ ಸೇನೆ ವಿಯೆಟ್ನಾಂ ಬಿಟ್ಟದ್ದು 1973ರಲ್ಲಿ. ಆದರೆ ಶಿಕಾಗೊದ ಆ ಆಯ್ಕೆ ಕೆರಳಿಸಿದ ಸಿಟ್ಟು ಪಕ್ಷದ ನಿಯಮಗಳನ್ನೇ ಬದಲಿಸಿತು. 1972ರಿಂದ ಅಭ್ಯರ್ಥಿಯ ಆಯ್ಕೆಯಲ್ಲಿ ಪ್ರೈಮರಿಗಳದೇ ಮೇಲುಗೈ.

ಅಮೆರಿಕದ ಪೌರತ್ವ ಪಡೆದ ಕನ್ನಡಿಗರು ಒಂದು ವಿಷಯ ಗಮನಿಸಿ. ಹಲವು ರಾಜ್ಯಗಳಲ್ಲಿ ಪ್ರೈಮರಿ ಮತ ಹಾಕಲು ಆ ಪಕ್ಷದ ಮತದಾರರೆಂದು ಮೊದಲೇ ನೋಂದಾಯಿಸಿರಬೇಕು. ಗಡುವು ಒಂದೊಂದು ರಾಜ್ಯಕ್ಕೆ ಒಂದೊಂದು. ನಿಮ್ಮೂರಿನ ಚುನಾವಣಾ ಕಚೇರಿಯಲ್ಲಿ ಈಗಲೇ ವಿಚಾರಿಸಿಕೊಳ್ಳಿ.