ಆರ್ಕೆಸ್ಟ್ರಾ ಶೂಟ್ ಮಾಡಿದ್ದು ನೀವು, ಯೂಟ್ಯೂಬ್ ದುಡ್ಡು ಬೇರೆಯವರಿಗೆ: ಯಾಕೆ ಗೊತ್ತಾ?

ಶ್ರೀರಂಗಪಟ್ಟಣ ದಸರಾ, ಮೇಲುಕೋಟೆ ವೈರಮುಡಿ, ನಾಗಮಂಗಲದ ಕಡೆ ಆದಿಚುಂಚನಗಿರಿ ಜಾತ್ರೆ, ಕೆ.ಆರ್.ಪೇಟೆ ಕಡೆ ಹೇಮಗಿರಿ ಜಾತ್ರೆ, ಜೊತೆಗೆ ಊರೂರಿನ ಗಣಪತಿ, ರಾಜ್ಯೋತ್ಸವ. ಎಲ್ಲಿ ಹಾಡಿನ ವೇದಿಕೆ ಹಾಕಿದ್ರೂ ಮುಂದೆ ಕ್ಯಾಮೆರಾ ನಿಂತಿರುತ್ತೆ. ಮದುವೆ ಶೂಟ್ ಮಾಡ್ತಿದ್ದ ಹುಡುಗರು ಈಗ ಇದನ್ನೇ ದುಡಿಮೆ ಮಾಡ್ಕೊಳ್ಳೋಕೆ ನೋಡ್ತಿದ್ದಾರೆ. ಸಾಲ ಮಾಡಿ ಕ್ಯಾಮೆರಾ ತಗೊಂಡು, ಯೂಟ್ಯೂಬ್‌ನಲ್ಲಿ ದುಡಿದು ತೀರಿಸ್ತೀವಿ ಅನ್ನೋರೂ ಇದ್ದಾರೆ. ಲೆಕ್ಕ ತಪ್ಪೋದು ಇಲ್ಲೇ.

ವಿಡಿಯೊ ನಿಮ್ಮದಾದ್ರೂ ಅದರೊಳಗಿನ ಹಾಡು ನಿಮ್ಮದಲ್ಲ. ಆರ್ಕೆಸ್ಟ್ರಾದವರು ಹಾಡೋದು ಹೆಚ್ಚಾಗಿ ಸಿನಿಮಾ ಹಾಡು. ಅದರ ಹಕ್ಕು ಸಾಮಾನ್ಯವಾಗಿ ಆಡಿಯೊ ಕಂಪನಿ ಹತ್ರ ಇರುತ್ತೆ. ಯೂಟ್ಯೂಬ್‌ನ ಕಂಟೆಂಟ್ ಐಡಿ ವ್ಯವಸ್ಥೆ ನಿಮ್ಮ ವಿಡಿಯೊವನ್ನ ಕಂಪನಿಗಳು ಕೊಟ್ಟಿರೋ ಹಾಡುಗಳ ಜೊತೆ ಹೋಲಿಸಿ ನೋಡುತ್ತೆ. ಬೇರೆಯವರ ದನಿಯಲ್ಲಿದ್ರೂ ಟ್ಯೂನ್ ಹಿಡಿಯೋದುಂಟು. ಆಗ 'ಕ್ಲೈಮ್' ಬರುತ್ತೆ, ಜಾಹೀರಾತಿನ ದುಡ್ಡು ಸಾಮಾನ್ಯವಾಗಿ ಕಂಪನಿಗೆ ಹೋಗುತ್ತೆ. ಇದಕ್ಕೆ ಗಾಬರಿ ಬೇಡ, ಇದು ಸ್ಟ್ರೈಕ್ ಅಲ್ಲ. ಸ್ಟ್ರೈಕ್ 90 ದಿನದೊಳಗೆ 3 ಬಿದ್ರೆ ಚಾನೆಲ್ಲೇ ಹೋಗಬಹುದು.

ಮದುವೇಲಿ ಹಾಡಿದ್ರೆ ಕೇಸಿಲ್ಲ ಅಂತಾರಲ್ಲ? ನಿಜ. 1957ರ ಕಾಪಿರೈಟ್ ಕಾಯ್ದೆಯ 52ನೇ ಸೆಕ್ಷನ್ ಮದುವೆ, ಧಾರ್ಮಿಕ ಸಮಾರಂಭದಲ್ಲಿ ಹಾಡೋದಕ್ಕೆ ವಿನಾಯಿತಿ ಕೊಟ್ಟಿದೆ. ಅದು ಸಮಾರಂಭದಲ್ಲಿ ಹಾಡೋದಕ್ಕೆ, ಆಮೇಲೆ ನೆಟ್‌ಗೆ ಹಾಕಿ ದುಡಿಯೋದಕ್ಕಲ್ಲ.

ಸೋಬಾನೆ, ತತ್ವಪದ, ದಾಸರ ಪದದ ಕಥೆ ಬೇರೆ. ಬರೆದವರು ತೀರಿಕೊಂಡು 60 ವರ್ಷ ಕಳೆದ್ರೆ ಆ ಪದದ ಹಕ್ಕು ಮುಗೀತು. ಆದ್ರೆ ಹಾಡಿದವರಿಗೂ ಕಾಯ್ದೆಯಲ್ಲಿ ಹಕ್ಕಿದೆ, ಅದೂ 50 ವರ್ಷ. ಅವರ ಒಪ್ಪಿಗೆ ಇಲ್ದೆ ರೆಕಾರ್ಡ್ ಮಾಡಿ ಮಾರೋ ಹಾಗಿಲ್ಲ. ನಮ್ಮ ಕಡೆ ಇದನ್ನ ಕೇಳೋರೇ ಕಮ್ಮಿ. ಹಾಡೋದು ಅಜ್ಜಿ, ವ್ಯೂಸ್ ಇನ್ಯಾರಿಗೋ. ಒಂದು ಹಾಳೇಲಿ ದುಡ್ಡು ಬಂದ್ರೆ ಅವರಿಗೆಷ್ಟು ಅಂತ ಬರೆದು ಸಹಿ ಹಾಕಿಸ್ಕೊಳ್ಳೋದು ಅಷ್ಟು ಕಷ್ಟಾನಾ?

ಹಾಗಾದ್ರೆ ದುಡ್ಡು ಎಲ್ಲಿದೆ? ಆಯೋಜಕರು, ತಂಡದವರು ಮೊದಲೇ ರೇಟ್ ಮಾತಾಡಿ ಕೊಡೋ ಕೆಲಸದಲ್ಲಿ. ಬೇರೆ ಒಪ್ಪಂದ ಇಲ್ಲದಿದ್ರೆ, ದುಡ್ಡು ಕೊಟ್ಟು ತೆಗೆಸಿದ ಫೋಟೊ, ವಿಡಿಯೊ ತೆಗೆಸಿದವರದ್ದು ಅಂತ 17ನೇ ಸೆಕ್ಷನ್ ಹೇಳುತ್ತೆ. ನಿಮ್ಮ ಪೇಜ್‌ಗೂ ಹಾಕೋದಿದ್ರೆ ಮುಂಚೆನೇ ಬರೆಸ್ಕೊಳ್ಳಿ.

ಈ ಕೆಲಸದಲ್ಲಿ ಹೆಸರು ತರೋದು ಸೌಂಡು. ಕ್ಯಾಮೆರಾ ಮೈಕ್ ನಂಬಿದ್ರೆ ತಮಟೆ ಏಟಿಗೆ ದನಿ ಒಡೆದುಹೋಗುತ್ತೆ. ಸೌಂಡ್ ಸಿಸ್ಟಂನವರ ಮಿಕ್ಸರ್‌ನಿಂದ ಒಂದು ಲೈನ್ ರೆಕಾರ್ಡರ್‌ಗೆ ತಗೊಳ್ಳಿ, ಜನರ ಶಿಳ್ಳೆ, ಚಪ್ಪಾಳೆಗೆ ಇನ್ನೊಂದು ಮೈಕ್ ಇಡಿ. ಲೈಟ್ ಮಿನುಗ್ತಿದ್ರೆ ಶಟರ್ 1/50ಕ್ಕೆ ಇಟ್ಟು ನೋಡಿ. ನಮ್ಮ ಕರೆಂಟ್ 50 ಹರ್ಟ್ಸ್.

ಅಂಗಡಿಯವರೂ ಗಮನಿಸಿ: ಗಣಪತಿ ಕಾರ್ಯಕ್ರಮದ ಹಾಡಿಗೆ ನಿಮ್ಮ ಬೋರ್ಡ್ ಸೇರಿಸಿ ರೀಲ್ಸ್ ಬಿಟ್ರೆ ಅದು ಜಾಹೀರಾತು. ಅದಕ್ಕೆ ಹಾಡಿನ ಹಕ್ಕಿರೋರ ಅನುಮತಿನೂ ಬೇಕು, ಹಾಡಿದವರದ್ದೂ ಬೇಕು.