ಜ್ವರದ ಜಾಡು ಹಿಡಿದು

1891ರ ನ್ಯೂಯಾರ್ಕ್. ವಿಲಿಯಂ ಕೋಲಿ ಎಂಬ ಯುವ ಸರ್ಜನ್, ಬಡ ವಲಸಿಗರು ಕಿಕ್ಕಿರಿದಿದ್ದ ಲೋಯರ್ ಈಸ್ಟ್ ಸೈಡ್‌ನ ವಠಾರಗಳಲ್ಲಿ ಒಬ್ಬ ಜರ್ಮನ್ ಮನುಷ್ಯನನ್ನು ಹುಡುಕುತ್ತಾ ಅಲೆಯುತ್ತಿದ್ದರು. ಏಳೆಂಟು ವರ್ಷಗಳ ಹಿಂದೆ ಆತನ ಕತ್ತಿನಲ್ಲಿ ಸಾರ್ಕೋಮಾ ಎಂಬ ಕ್ಯಾನ್ಸರ್ ಗಡ್ಡೆ ಎದ್ದಿತ್ತು. ಕೊಯ್ದಷ್ಟೂ ಮತ್ತೆ ಬೆಳೆಯುತ್ತಿದ್ದ ಗಡ್ಡೆ ಅದು. ವೈದ್ಯರು ಕೈಚೆಲ್ಲಿದ್ದರು. ಆಗ ಗಾಯಕ್ಕೆ ಎರಿಸಿಪೆಲಸ್ ಎಂಬ ಚರ್ಮದ ಸೋಂಕು ತಗುಲಿ ವಿಪರೀತ ಜ್ವರ ಬಂತು. ಜ್ವರದ ಜತೆಗೆ ಗಡ್ಡೆಯೂ ಕರಗಿತು. ಇಷ್ಟು ಆಸ್ಪತ್ರೆಯ ಹಳೇ ಕಡತದಲ್ಲಿತ್ತು. ಆಮೇಲೆ ಆತ ಏನಾದ ಎಂಬುದು ಇರಲಿಲ್ಲ.

ಕೋಲಿಯವರ ಈ ಹುಡುಕಾಟದ ಹಿಂದೆ ಒಂದು ಸಾವಿತ್ತು. ಕೈಯಲ್ಲಿ ಸಾರ್ಕೋಮಾ ಆಗಿದ್ದ ಹದಿನೇಳರ ಹುಡುಗಿಯೊಬ್ಬಳನ್ನು ಅವರು ಕೈ ಕತ್ತರಿಸಿಯೂ ಉಳಿಸಿಕೊಳ್ಳಲಾಗಲಿಲ್ಲ. ಆ ಸಂಕಟದಲ್ಲೇ ಅವರು ಹಳೇ ಕಡತಗಳನ್ನು ಜಾಲಾಡಿದ್ದು. ಕೊನೆಗೂ ಆ ಜರ್ಮನ್ ಸಿಕ್ಕ. ಬದುಕಿದ್ದ, ಗಡ್ಡೆಯ ಸುಳಿವೂ ಇರಲಿಲ್ಲ.

ಅದೇ ವರ್ಷ ಕೋಲಿ, ಗಂಟಲ ಗಡ್ಡೆಯಿಂದ ಊಟ ನುಂಗಲೂ ಆಗದಿದ್ದ ಇಟಲಿಯ ವಲಸಿಗನೊಬ್ಬನಿಗೆ ಬೇಕೆಂದೇ ಸ್ಟ್ರೆಪ್ಟೊಕಾಕಸ್ ಬ್ಯಾಕ್ಟೀರಿಯಾ ಚುಚ್ಚಿದರು. ತಿಂಗಳುಗಟ್ಟಲೆ ಪ್ರಯತ್ನಿಸಿದ ಮೇಲೆ, ಅಕ್ಟೋಬರ್‌ನಲ್ಲಿ ಜೀವಕ್ಕೇ ಕುತ್ತಾಗುವಂಥ ಜ್ವರ ಬಂತು. ಎರಡು ವಾರದಲ್ಲಿ ಗಡ್ಡೆ ಕೊಳೆತು ಕರಗಿತು. ಆತ ಮತ್ತೆ ಸುಮಾರು ಎಂಟು ವರ್ಷ ಬದುಕಿದ. ಮುಂದೆ ಕೋಲಿ ಸತ್ತ ಬ್ಯಾಕ್ಟೀರಿಯಾಗಳ ಮಿಶ್ರಣವನ್ನೇ ಮದ್ದು ಮಾಡಿಕೊಂಡು ನೂರಾರು ಮಂದಿಗೆ ಕೊಟ್ಟರು. ಕೆಲವರು ಗುಣವಾದರು, ಹಲವರು ಆಗಲಿಲ್ಲ. ಯಾಕೆ ಎಂದು ಕೇಳಿದರೆ ಹೇಳಲು ಅವರ ಬಳಿ ಉತ್ತರವಿರಲಿಲ್ಲ. ಅಷ್ಟರಲ್ಲಿ ವಿಕಿರಣ ಚಿಕಿತ್ಸೆ ಬಂತು, ಅದರ ಹಿಂದೆ ಕೀಮೊಥೆರಪಿ ಬಂತು. ಕೋಲಿಯವರ ಮದ್ದು ಮೂಲೆ ಸೇರಿತು. ಅವರನ್ನು ಮರೆತವರನ್ನು ನಾನು ದೂರಲಾರೆ. ಕಾರಣ ಗೊತ್ತಿಲ್ಲದ ಮದ್ದನ್ನು ನಂಬುವುದು ವೈದ್ಯರಿಗೆ ಕಷ್ಟ, ನಂಬಬಾರದು ಕೂಡ. ಆದರೆ ಅವರ ಮಗಳು ಹೆಲೆನ್ ಮರೆಯಲಿಲ್ಲ. ತಂದೆಯ ಕಾಗದಪತ್ರಗಳನ್ನೆಲ್ಲ ಒಂದೊಂದಾಗಿ ಓದಿ ಜೋಡಿಸಿ, 1953ರಲ್ಲಿ ರೋಗನಿರೋಧಕ ಶಕ್ತಿಯನ್ನೇ ಕೆರಳಿಸಿ ಕ್ಯಾನ್ಸರ್ ಗುಣಪಡಿಸುವ ಸಂಶೋಧನೆಗೆಂದೇ ಒಂದು ಸಂಸ್ಥೆ ಕಟ್ಟಿದರು.

ಅಂಥ ಸಂಶೋಧನೆಗೆ ಒಂದು ಗೆಲುವೂ ಸಿಕ್ಕಿತು. ಕ್ಷಯಕ್ಕೆ ಹಾಕುವ ಬಿಸಿಜಿ ಲಸಿಕೆಯನ್ನು ಮೂತ್ರಕೋಶದೊಳಗೆ ಬಿಟ್ಟರೆ ಅಲ್ಲಿನ ಕ್ಯಾನ್ಸರ್ ಮರುಕಳಿಸುವುದು ಕಡಿಮೆಯಾಗುತ್ತದೆ ಎಂದು 1976ರಲ್ಲಿ ಕೆನಡಾದ ಅಲ್ವಾರೊ ಮೊರಾಲೆಸ್ ತೋರಿಸಿದರು. ಇಂದಿಗೂ ಅದು ಬಳಕೆಯಲ್ಲಿದೆ. ಉಳಿದಂತೆ ಪ್ರಯತ್ನಗಳೆಲ್ಲ ಒಂದೇ ದಾರಿಯಲ್ಲಿದ್ದವು: ರೋಗನಿರೋಧಕ ಶಕ್ತಿಯನ್ನು ಇನ್ನಷ್ಟು ಕೆರಳಿಸುವುದು ಹೇಗೆ? ಪ್ರಶ್ನೆಯನ್ನೇ ತಿರುಗಿಸಿ ಕೇಳಿದವರು ಅಮೆರಿಕದ ವಿಜ್ಞಾನಿ ಜಿಮ್ ಆಲಿಸನ್.

ನಮ್ಮ ರಕ್ತದಲ್ಲಿರುವ ಟಿ-ಕೋಶಗಳು ಮೈಯೆಲ್ಲ ಸುತ್ತುತ್ತಾ, ಎದುರಾದ ಕೋಶಗಳ ಮೈಮೇಲಿನ ಪ್ರೋಟೀನ್ ತುಣುಕುಗಳನ್ನು ತಡವಿ ನೋಡುತ್ತವೆ. ಅಪರಿಚಿತ ತುಣುಕು ಸಿಕ್ಕರೆ ಆ ಕೋಶವನ್ನು ಕೊಲ್ಲುತ್ತವೆ. ಆದರೆ ಅವು ಕೊಲ್ಲುತ್ತಲೇ ಹೋದರೆ ನಮ್ಮದೇ ಕರುಳು, ಕೀಲುಗಳೂ ಉಳಿಯುವುದಿಲ್ಲ. ಹಾಗಾಗಿ ಅವುಗಳ ಮೈಮೇಲೆ ಸಿಟಿಎಲ್‌ಎ-4 ಎಂಬ ಪ್ರೋಟೀನ್ ಇದೆ. ಅದು ಲಾರಿಯ ಬ್ರೇಕಿನ ಹಾಗೆ. ಕಾಲು ಬ್ರೇಕಿನ ಮೇಲೇ ಇದ್ದರೆ ಎಷ್ಟು ಎಕ್ಸಲರೇಟರ್ ಒತ್ತಿ ಏನು ಫಲ? ಬರ್ಕ್ಲಿಯಲ್ಲಿದ್ದ ಆಲಿಸನ್ ಈ ಪ್ರೋಟೀನನ್ನು ಮುಚ್ಚಿಬಿಡುವ ಪ್ರತಿಕಾಯವನ್ನು 1994ರ ಕೊನೆಯಲ್ಲಿ ಗಡ್ಡೆಯಿದ್ದ ಇಲಿಗಳಿಗೆ ಕೊಡಿಸಿದರು. ಗಡ್ಡೆಗಳು ಮಾಯವಾದವು. ಅವರಿಗೆ ನಂಬಿಕೆ ಬರಲಿಲ್ಲ. ಕ್ರಿಸ್‌ಮಸ್ ರಜೆಯಲ್ಲೇ ಮತ್ತೊಮ್ಮೆ ಮಾಡಿಸಿದರು. ಯಾವ ಪಂಜರಕ್ಕೆ ಮದ್ದು, ಯಾವುದಕ್ಕೆ ಇಲ್ಲ ಎಂಬುದು ತಮಗೂ ಗೊತ್ತಾಗದಂತೆ ಗುರುತು ಹಾಕಿಸಿ, ಗಡ್ಡೆಗಳನ್ನು ತಾವೇ ಅಳೆದರು. ಮೊದಲು ಎಲ್ಲ ಇಲಿಗಳಲ್ಲೂ ಗಡ್ಡೆ ಬೆಳೆಯುತ್ತಲೇ ಹೋಯಿತು. ಆಮೇಲೆ ಕೆಲವು ಪಂಜರಗಳಲ್ಲಿ ಬೆಳವಣಿಗೆ ನಿಂತಿತು, ಕುಗ್ಗಿತು, ಇಲ್ಲವಾಯಿತು.

ಅದೇ ಸುಮಾರಿಗೆ ಜಪಾನಿನ ಕ್ಯೋಟೊದಲ್ಲಿ ತಾಸುಕು ಹೊಂಜೊ ಅವರ ತಂಡ 1992ರಲ್ಲಿ ಕಂಡುಹಿಡಿದಿದ್ದ ಪಿಡಿ-1 ಕೂಡ ಇಂಥದ್ದೇ ಇನ್ನೊಂದು ತಡೆ ಎಂಬುದು ಬರಬರುತ್ತಾ ತಿಳಿಯಿತು. ಕ್ಯಾನ್ಸರ್ ಕೋಶಗಳ ಕುತಂತ್ರವೂ ಆಗ ಬಯಲಾಯಿತು: ಈ ತಡೆಯನ್ನು ಒತ್ತುವ ಪ್ರೋಟೀನನ್ನು ತಮ್ಮ ಮೈಮೇಲೆ ಹೊತ್ತುಕೊಂಡು, ಹತ್ತಿರ ಬಂದ ಟಿ-ಕೋಶಗಳನ್ನು ಅವು ಸುಮ್ಮನಾಗಿಸುತ್ತವೆ. ಸಿಟಿಎಲ್‌ಎ-4 ಮುಚ್ಚುವ ಮೊದಲ ಮದ್ದು ಇಪಿಲಿಮುಮಾಬ್‌ಗೆ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ್ದು 2011ರಲ್ಲಿ. ಪಿಡಿ-1 ತಡೆಯುವ ಮದ್ದುಗಳು 2014ರಲ್ಲಿ ಬಂದವು. ಮರುವರ್ಷ, ಮಿದುಳಿಗೂ ಹರಡಿದ್ದ ಮೆಲನೋಮಾ ಎಂಬ ಚರ್ಮದ ಕ್ಯಾನ್ಸರಿಗೆ ಇಂಥದ್ದೊಂದು ಮದ್ದು ತೆಗೆದುಕೊಂಡ ಮಾಜಿ ಅಧ್ಯಕ್ಷ ಜಿಮ್ಮಿ ಕಾರ್ಟರ್ ನೂರು ವರ್ಷ ತುಂಬುವವರೆಗೆ ಬದುಕಿದರು. ಆಲಿಸನ್ ಮತ್ತು ಹೊಂಜೊ 2018ರ ನೊಬೆಲ್ ಹಂಚಿಕೊಂಡರು. ಇಷ್ಟಾದರೂ ಎಲ್ಲರಿಗೂ ಈ ಮದ್ದು ಹಿಡಿಯುವುದಿಲ್ಲ. ತಡೆ ಕಳಚಿದ ಟಿ-ಕೋಶಗಳು ಕರುಳು, ಥೈರಾಯ್ಡ್, ಶ್ವಾಸಕೋಶದ ಮೇಲೆ ತಿರುಗಿಬೀಳುವುದೂ ಉಂಟು.

ಇನ್ನೊಂದು ಕವಲು ಸಿಎಆರ್-ಟಿ. ರೋಗಿಯ ಟಿ-ಕೋಶಗಳನ್ನು ಹೊರತೆಗೆದು, ಕ್ಯಾನ್ಸರ್ ಗುರುತಿಸುವ ಜೀನ್ ಸೇರಿಸಿ, ಬೆಳೆಸಿ ವಾಪಸು ಏರಿಸುವ ವಿಧಾನ. ಕೆಲವು ಬಗೆಯ ರಕ್ತದ ಕ್ಯಾನ್ಸರ್‌ಗೆ ಇದು ವರ. 2017ರಲ್ಲಿ ಅಮೆರಿಕದಲ್ಲಿ ಇದರ ಬೆಲೆ 4,75,000 ಡಾಲರ್ ಇತ್ತು. ಐಐಟಿ ಬಾಂಬೆ ಮತ್ತು ಟಾಟಾ ಮೆಮೋರಿಯಲ್ ಸೇರಿ ರೂಪಿಸಿದ ನೆಕ್ಸ್‌ಕಾರ್19ಕ್ಕೆ 2023ರಲ್ಲಿ ಒಪ್ಪಿಗೆ ದೊರೆತು, ಬೆಲೆ ಅದರ ಹತ್ತನೇ ಒಂದು ಪಾಲಿನ ಆಸುಪಾಸಿಗೆ ಇಳಿಯಿತು. ಬೆಂಗಳೂರಿನ ಇಮ್ಯುನೀಲ್ ಕಂಪನಿಯೂ 2025ರ ಜನವರಿಯಲ್ಲಿ ತನ್ನದೊಂದನ್ನು ತಂದಿದೆ.

ನನಗೆ ಇವೆಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಮುಂಬೈನ ಟಾಟಾ ಮೆಮೋರಿಯಲ್‌ನ ಒಂದು ಪ್ರಯೋಗ. ಹೊಗೆಸೊಪ್ಪು, ಗುಟ್ಕಾ ಜಗಿದು ಬಾಯಿ, ಗಂಟಲ ಕ್ಯಾನ್ಸರ್ ತಂದುಕೊಂಡವರು ನಮ್ಮಲ್ಲಿ ಲೆಕ್ಕವಿಲ್ಲದಷ್ಟು. ಪಿಡಿ-1 ಮದ್ದು ಅವರಲ್ಲಿ ಬಹುತೇಕರ ಕೈಗೆಟುಕುವುದಿಲ್ಲ. ಅಂಥ ಮದ್ದುಗಳಲ್ಲೊಂದಾದ ನಿವೊಲುಮಾಬ್‌ನ ವಾಡಿಕೆಯ ಪ್ರಮಾಣ ಎರಡು ವಾರಕ್ಕೆ 240 ಮಿಲಿಗ್ರಾಂ. ಟಿ-ಕೋಶದ ಮೇಲಿನ ಪಿಡಿ-1 ಮುಚ್ಚಲು ಅದಕ್ಕಿಂತ ಬಹಳ ಕಡಿಮೆ ಸಾಕು ಎಂಬುದು ಮೊದಲೇ ಗೊತ್ತಿತ್ತು. ಅಲ್ಲಿನ ವೈದ್ಯರು ಅಗ್ಗದ ಮಾತ್ರೆಗಳ ಜತೆಗೆ ಮೂರು ವಾರಕ್ಕೊಮ್ಮೆ ಬರೀ 20 ಮಿಲಿಗ್ರಾಂ ಕೊಟ್ಟು ನೋಡಿದರು. ಬರೀ ಮಾತ್ರೆ ಪಡೆದವರಲ್ಲಿ ವರ್ಷದ ಕೊನೆಗೆ ಬದುಕಿದ್ದವರು ಶೇ 16.3. ಈ ಚಿಟಿಕೆ ಮದ್ದು ಸೇರಿಸಿಕೊಂಡವರಲ್ಲಿ ಶೇ 43.4. ಕಡಿಮೆ ಮದ್ದಿನಿಂದ ಎಷ್ಟು ಸಾಧ್ಯ ಎಂದು ತಿಳಿಯಲು ಮದ್ದು ಮಾರುವವರಿಗೆ ಆತುರವಿಲ್ಲ. ಅದನ್ನು ಒಂದೊಂದು ಕ್ಯಾನ್ಸರ್‌ನಲ್ಲೂ ಹೀಗೆ ಪರೀಕ್ಷಿಸಿ ನೋಡಬೇಕಾದದ್ದು ಸರ್ಕಾರದ ದುಡ್ಡಿನಲ್ಲಿ, ನಮ್ಮ ಆಸ್ಪತ್ರೆಗಳಲ್ಲಿ.