ಅಜ್ಜಿಯ ತ್ರಿಪುರಸುಂದರಿ, ಸೊಸೆಯ ಇಂಚರ

ತೊಟ್ಟಿಲು ತೂಗುವ ಮುನ್ನವೇ ಒಂದು ಮನೆಯನ್ನು ಎರಡು ಪಕ್ಷಗಳನ್ನಾಗಿ ಒಡೆಯುವ ಸಾಮರ್ಥ್ಯ ಹೆಣ್ಣುಕೂಸಿನ ಹೆಸರಿಗೆ ಇರುವಷ್ಟು ಮತ್ತಾವುದಕ್ಕೂ ಇರಲಾರದು. ಮೈಸೂರಿನ ಬಡಾವಣೆಯೊಂದರಲ್ಲಿ ನೆಲೆ ನಿಂತಿರುವ, ಮೂಗೂರಿನ ಮೂಲದ ಸಂಸಾರವೊಂದನ್ನು ವಾಚಕರು ಕಲ್ಪಿಸಿಕೊಳ್ಳಲಿ. ಕೂಸು ಹುಟ್ಟಿ ಹತ್ತು ದಿನಗಳಾಗಿವೆ. ಪುರೋಹಿತರಿಗೆ ಹೇಳಿ ಕಳುಹಿಸಿದ್ದಾಗಿದೆ. ಅಜ್ಜಿಯ ಮಾತು ಒಂದೇ: “ತಾಯಿ ತ್ರಿಪುರಸುಂದರಿ ಕೊಟ್ಟ ಕೂಸು, ಅವಳ ಹೆಸರೇ ಇರಲಿ.” ಸೊಸೆಯ ಮಾತು ಮೆಲುವಾದದ್ದಾದರೂ ಬಾಗುವಂತಹದಲ್ಲ: “ಅಷ್ಟುದ್ದದ ಹೆಸರನ್ನು ಶಾಲೆಯಲ್ಲಿ ಯಾರು ಪೂರ್ತಿ ಕರೆಯುತ್ತಾರೆ, ಅತ್ತೆ? ಇಂಚರ ಎಂದು ಇಡೋಣ.” ಆಗ ಅಜ್ಜಿಯ ಬಾಯಿಂದ ಹೊರಡುವ ಪ್ರಶ್ನೆ ಇಷ್ಟೆ: “ಇಂಚರವೇ? ಅದು ಯಾವ ದೇವರ ಹೆಸರಮ್ಮ?”

ನಗರದ ಮನೆಗಳಲ್ಲಿ ಈ ಪ್ರಶ್ನೆಯನ್ನು ಕೇಳಿ ನಕ್ಕುಬಿಡುವುದು ವಾಡಿಕೆ. ಆದರೆ ಅದು ನಕ್ಕು ತಳ್ಳಿಹಾಕುವ ಪ್ರಶ್ನೆಯಲ್ಲ. ಅಜ್ಜಿಗೆ ಹೆಸರೆಂದರೆ ಊರಿಗೂ ಕೂಸಿಗೂ ನಡುವೆ ಕಟ್ಟಿದ ದಾರ. ಆ ದಾರ ಕಡಿದುಹೋದರೆ ಮೊಮ್ಮಗಳು ಯಾವ ಊರಿನವಳಾದಾಳು ಎಂಬ ಭಯವೇ ಆ ಮಾತಿನ ಒಳಗೆ ಅಡಗಿರುವುದು.

ತಿರುಮಕೂಡಲು ನರಸೀಪುರದಿಂದ ಕೊಳ್ಳೇಗಾಲದ ಕಡೆಗೆ ಹೋಗುವ ಹಾದಿಯಲ್ಲಿರುವ ಮೂಗೂರು ಅಂಥ ದಾರ ಬಲವಾಗಿರುವ ಊರು. ಒಂದು ಕಡೆ ಕಾವೇರಿ ಕಪಿಲೆಯರ ಸಂಗಮ, ಇನ್ನೊಂದು ಕಡೆ ನಂಜುಂಡೇಶ್ವರನ ಸನ್ನಿಧಿ, ಊರೊಳಗೆ ದೇಶೇಶ್ವರ, ಎಲ್ಲಕ್ಕಿಂತ ಮಿಗಿಲಾಗಿ ತ್ರಿಪುರಸುಂದರಿ. ಕೆಲಸಕ್ಕೆಂದು ಎಲ್ಲೆಲ್ಲಿಗೋ ಚದುರಿದವರನ್ನು ಊರಿಗೆ ಎಳೆದು ತರುವುದು ಈ ತಾಯಿಯ ಜಾತ್ರೆ. ಮೈಸೂರು ಸೀಮೆಯ ನೃತ್ಯದ ಚರಿತ್ರೆಯಲ್ಲಿ ಮೂಗೂರಿನದೇ ಒಂದು ಶೈಲಿ ಎಂಬ ಗಣನೆಯುಂಟು. ನಟ್ಟುವಾಂಗದ ಅಮೃತಪ್ಪನವರು, ನರ್ತಕಿ ಜೇಜಮ್ಮನವರು ತಮ್ಮ ಹೆಸರಿನ ಹಿಂದೆ ತಂದೆಯ ಹೆಸರನ್ನಲ್ಲ, ಊರಿನ ಹೆಸರನ್ನೇ ಹೊತ್ತು ನಡೆದರು. ಚಲನಚಿತ್ರರಂಗದಲ್ಲಿ ನೃತ್ಯ ನಿರ್ದೇಶಕರಾಗಿ ಹೆಸರಾದ ಮೂಗೂರು ಸುಂದರ್ ಅವರೂ ಇದೇ ನೆಲದವರು.

‘ತ್ರಿಪುರ’ ಎಂದರೆ ಮೂರು ಪುರ. ಅವು ಮೂರು ಲೋಕಗಳೆಂದು ಕೆಲವರು, ಎಚ್ಚರ, ಕನಸು, ನಿದ್ರೆ ಎಂಬ ಮೂರು ಅವಸ್ಥೆಗಳೆಂದು ಕೆಲವರು ವ್ಯಾಖ್ಯಾನಿಸುತ್ತಾರೆ. ಮೂರು ಪುರದ ಒಡತಿ ನೆಲಸಿರುವುದರಿಂದಲೇ ಊರಿಗೆ ಮೂಗೂರೆಂಬ ಹೆಸರು ಬಂದಿತೆಂದು ಹೇಳಿಬಿಡುವ ಆಸೆ ಯಾರಿಗಾದರೂ ಆದೀತು. ಆದರೆ ಮೂರು ಊರು ಕೂಡಿದರೆ ‘ಮೂರೂರು’ ಆಗಬೇಕಲ್ಲದೆ ನಡುವೆ ಗಕಾರ ನುಸುಳುವುದಕ್ಕೆ ವ್ಯಾಕರಣದ ಒಪ್ಪಿಗೆಯಿಲ್ಲ. ಚೆಲುವಾಗಿ ಕೇಳಿಸಿದ ಮಾತ್ರಕ್ಕೆ ಅರ್ಥ ನಿಜವಾಗುವುದಿಲ್ಲ. ಹೆಸರುಗಳ ವಿಷಯದಲ್ಲಂತೂ ಈ ಎಚ್ಚರ ಹೆಜ್ಜೆಹೆಜ್ಜೆಗೂ ಬೇಕು.

ಹಿಂದಿನವರು ಅರ್ಥದ ಗೊಡವೆಗೆ ಹೋಗುತ್ತಿದ್ದುದೇ ಕಡಿಮೆ. ನಂಜನಗೂಡಿನ ಸುತ್ತಮುತ್ತ ಮನೆಗೊಬ್ಬ ನಂಜಮ್ಮ ಇದ್ದ ಕಾಲವೊಂದಿತ್ತು. ‘ನಂಜು’ ಎಂದರೆ ವಿಷ. ಇಂದಿನ ಹೆಸರಿನ ಪುಸ್ತಕವನ್ನು ಬಿಡಿಸಿ ಕುಳಿತ ತಾಯಿಗೆ ಈ ಅರ್ಥ ಕಂಡರೆ ಕೈಯಿಂದ ಪುಸ್ತಕವೇ ಜಾರಿ ಬಿದ್ದೀತು! ಆದರೆ ನಂಜಮ್ಮನನ್ನು ಕರೆದವರ ಮನಸ್ಸಿನಲ್ಲಿದ್ದುದು ವಿಷವಲ್ಲ, ಲೋಕದ ವಿಷವನ್ನು ತಾನು ಉಂಡ ನಂಜುಂಡ. ನಾಲ್ವಡಿ ಕೃಷ್ಣರಾಜ ಒಡೆಯರ ತಾಯಿ, 1895ರಿಂದ 1902ರವರೆಗೆ ಮೈಸೂರನ್ನಾಳಿದ ರಾಜಪ್ರತಿನಿಧಿ, ಕೆಂಪನಂಜಮ್ಮಣ್ಣಿಯವರು ಅದೇ ಹೆಸರನ್ನು ಅರಮನೆಯಲ್ಲಿ ಬೆಳಗಿಸಿದರು. ಅವರ ಬಿರುದಿನ ಹೆಸರು ‘ವಾಣೀವಿಲಾಸ’. ಅಂದರೆ ಮಾತಿನ ಲೀಲೆ. ದನಿಯನ್ನೂ ಮಾತನ್ನೂ ಹೆಣ್ಣಿನ ಹೆಸರಾಗಿಸುವ ರೂಢಿ ಮೈಸೂರಿಗೆ ಹೊಸದಲ್ಲವೆಂಬುದಕ್ಕೆ ಈ ಒಂದು ನಿದರ್ಶನ ಸಾಕು.

ಅದಿರಲಿ. ಸೊಸೆ ತಂದ ಹೆಸರಿನ ಕುಲಗೋತ್ರವೇನು? ‘ಇಂಚರ’ವೆಂಬುದು ಯಾರೋ ನಿನ್ನೆ ಮೊನ್ನೆ ಕಟ್ಟಿದ ಪದವೆಂದು ಭಾವಿಸುವವರು ಬಹಳ ಮಂದಿ. ಹೆಣ್ಣುಮಕ್ಕಳ ಹೆಸರಾಗಿ ಅದು ಹೊಸತೆಂಬುದು ದಿಟ. ಹಳೆಯ ತಲೆಮಾರಿನಲ್ಲಿ ಇಂಚರಮ್ಮನೆಂಬುವಳು ಸಿಗುವುದು ದುರ್ಲಭ. ಪದವಾದರೋ ಹಳಗನ್ನಡದ್ದು. ಅದನ್ನು ಬಿಡಿಸಿದರೆ ಎರಡು ಎಸಳುಗಳು ದೊರೆಯುತ್ತವೆ: ‘ಇನ್’ ಮತ್ತು ‘ಸರ’.

‘ಇನ್’ ಎಂಬುದು ದ್ರಾವಿಡ ಮೂಲದ ಅಚ್ಚ ನುಡಿ. ಸವಿಯಾದದ್ದು ಎಂದು ಅರ್ಥ. ಅದರ ಬಳಗ ದೊಡ್ಡದು. ‘ಇಂಪು’ ಇದರಿಂದಲೇ ಹುಟ್ಟಿತು. ಪ್ರಿಯನಾದವನು ‘ಇನಿಯ’. ಸವಿಯಾದ ಕಡಲು ‘ಇಂಗಡಲ್’. ಹಾಲ್ಗಡಲಿಗೆ ಹಳೆಯ ಕವಿಗಳು ಇಟ್ಟ ಹೆಸರದು. ನೆರೆಯ ತಮಿಳಿನಲ್ಲಿ ‘ಇನ್ಬಂ’ ಎಂದರೆ ಸುಖ, ‘ಇನಿಯ’ ಎಂದರೆ ಸಿಹಿಯಾದ. ಅಲ್ಲಿಯೂ ಈಚೆಗೆ ಹೆಣ್ಣುಮಕ್ಕಳಿಗೆ ‘ಇನಿಯಾ’ ಎಂದು ಹೆಸರಿಡುತ್ತಾರೆ. ಗಡಿಯ ಎರಡೂ ಕಡೆಯ ತಾಯಂದಿರು ಒಬ್ಬರನ್ನೊಬ್ಬರು ಕೇಳದೆಯೇ ಒಂದೇ ಬೇರಿನಿಂದ ಚಿಗುರು ಕಿತ್ತುಕೊಂಡಿದ್ದಾರೆ.

‘ಸರ’ ಇಲ್ಲಿ ಕೊರಳ ಸರವಲ್ಲ. ಸಂಸ್ಕೃತದ ‘ಸ್ವರ’ ಕನ್ನಡದ ನಾಲಗೆಗೆ ಒಗ್ಗಿ ‘ಸರ’ವಾದದ್ದು, ‘ಶ್ರೀ’ ಹೋಗಿ ‘ಸಿರಿ’ಯಾದಂತೆ. ಎರಡನ್ನೂ ಕೂಡಿಸಿದರೆ ‘ಇನ್ಸರ’ವೆಂದಾಗಬೇಕಿತ್ತು. ಆಗಲಿಲ್ಲ. ಮಳೆ ಮತ್ತು ಕಾಲ ಸೇರಿ ‘ಮಳೆಗಾಲ’ವಾಗುವ ಆದೇಶ ಸಂಧಿಯನ್ನು ಎಲ್ಲರೂ ಶಾಲೆಯಲ್ಲಿ ಬಾಯಿಪಾಠ ಮಾಡಿದ್ದಾರೆ. ಅಲ್ಲಿ ಕಕಾರಕ್ಕೆ ಗಕಾರ, ತಕಾರಕ್ಕೆ ದಕಾರ, ಪಕಾರಕ್ಕೆ ಬಕಾರ. ಸಕಾರಕ್ಕೆ ಮಾತ್ರ ಅಪರೂಪದ ಒಂದು ವಿಧಿಯುಂಟು: ಕೆಲವು ಕಡೆ ಅದು ಚಕಾರವೋ ಜಕಾರವೋ ಆಗುತ್ತದೆ. ‘ನುಣ್’ ಮತ್ತು ‘ಸರ’ ಕೂಡಿ ನುಣ್ಚರ, ‘ಮುನ್’ ಮತ್ತು ‘ಸೆರಗು’ ಕೂಡಿ ಮುಂಜೆರಗು, ‘ಇನ್’ ಮತ್ತು ‘ಸರ’ ಕೂಡಿ ಇಂಚರ. 13ನೆಯ ಶತಮಾನದಲ್ಲಿ ‘ಶಬ್ದಮಣಿದರ್ಪಣ’ವನ್ನು ರಚಿಸಿದ ಕೇಶಿರಾಜನ ಪರಂಪರೆಯ ವ್ಯಾಕರಣಗಳಲ್ಲಿ ಈ ಪದ ಉದಾಹರಣೆಯಾಗಿ ನಿಂತಿದೆ. ಯಾವ ಪದವನ್ನು ಬರೆಯಿಸಿ ಮೇಷ್ಟರು ಮಕ್ಕಳ ಕಿವಿ ಹಿಂಡುತ್ತಿದ್ದರೋ ಅದೇ ಪದ ಇಂದು ತೊಟ್ಟಿಲಲ್ಲಿ ಕೈಕಾಲು ಆಡಿಸುತ್ತಿದೆ!

ಇನ್ನೊಂದು ಸೂಕ್ಷ್ಮವನ್ನೂ ಗಮನಿಸಬೇಕು. ಅಚ್ಚಗನ್ನಡ ಪದಕ್ಕೆ ಸಂಸ್ಕೃತ ಪದವನ್ನು ಹಾಗೆಯೇ ಬೆಸೆದರೆ ವೈಯಾಕರಣರು ಅದನ್ನು ‘ಅರಿಸಮಾಸ’ವೆಂದು ಕರೆದು ಮೂಗು ಮುರಿಯುತ್ತಾರೆ, ಒಂದೇ ಮನೆಯಲ್ಲಿ ಶತ್ರುಗಳನ್ನು ಕೂಡಿಹಾಕಿದಂತೆ ಎಂಬ ಭಾವ. ‘ಸ್ವರ’ ತನ್ನ ಬಿಗುಮಾನವನ್ನು ಬಿಟ್ಟು ‘ಸರ’ವಾಗಿ ಬಂದದ್ದರಿಂದ ಇಲ್ಲಿ ಆ ದೋಷವಿಲ್ಲ. ಎರಡು ಭಾಷೆಗಳ ಸಂಬಂಧ ಜಗಳವಿಲ್ಲದೆ ಕುದುರಿದ ಹೆಸರಿದು. ಅತ್ತೆ ಸೊಸೆಯರ ವಿಷಯ ಬೇರೆ.

ಹಳೆಯ ಕಾವ್ಯಗಳಲ್ಲಿ ಇಂಚರ ಕೇಳಿಬರುವುದು ಹೆಚ್ಚಾಗಿ ಕೋಗಿಲೆಯಿಂದ, ಗಿಳಿಯಿಂದ, ತುಂಬಿಯಿಂದ. ಬನವಾಸಿಯ ವನದಲ್ಲಿ ಮರಿದುಂಬಿಯಾಗಿಯೋ ಕೋಗಿಲೆಯಾಗಿಯೋ ಹುಟ್ಟಬೇಕೆಂದು 10ನೆಯ ಶತಮಾನದ ಪಂಪ ಹಂಬಲಿಸಿದುದನ್ನು ಅರಿಯದ ಕನ್ನಡಿಗರಿಲ್ಲ. ಅಲ್ಲಿಂದ ಅದು ಮನುಷ್ಯರ ಮನೆಗೆ ಬರಲು ಸಾವಿರ ವರ್ಷ ಬೇಕಾಯಿತು. ದಾರಿ ಮಾಡಿಕೊಟ್ಟವರು ಆಧುನಿಕ ಕವಿಗಳು. ಕುವೆಂಪು ಅವರು ಮಕ್ಕಳಿಗೆ ಪೂರ್ಣಚಂದ್ರ ತೇಜಸ್ವಿ, ಕೋಕಿಲೋದಯ ಚೈತ್ರ, ಇಂದುಕಲಾ, ತಾರಿಣಿ ಎಂದು ಹೆಸರಿಟ್ಟಾಗ ಅಜ್ಜನ ಹೆಸರನ್ನೇ ಮೊಮ್ಮಗನಿಗೆ ಇಡುವ ಲೆಕ್ಕ ಬದಿಗೆ ಸರಿದು, ಹೆಸರೇ ಒಂದು ಪುಟ್ಟ ಕವಿತೆಯಾಯಿತು. ಕೋಗಿಲೆಯ ಉದಯವಾದ ಮೇಲೆ ಇಂಚರ ಬರುವುದು ಎಷ್ಟು ಹೊತ್ತಿನ ಮಾತು? ಬಂಗಾಳದಲ್ಲಿ 1933ರಲ್ಲಿ ಹುಟ್ಟಿದ ಒಂದು ಗಂಡುಮಗುವಿಗೆ ರವೀಂದ್ರನಾಥ ಠಾಕೂರರು ‘ಅಮರ್ತ್ಯ’ ಎಂದು ಹೆಸರಿಟ್ಟರು. ಆ ಮಗುವೇ ಮುಂದೆ ಅರ್ಥಶಾಸ್ತ್ರಜ್ಞರಾದ ಅಮರ್ತ್ಯ ಸೇನ್. ಕಾದಂಬರಿಗಳದೂ ಈ ವಿಷಯದಲ್ಲಿ ಒಂದು ಪಾಲುಂಟು. ಅನಸೂಯಾ ಶಂಕರ್ ಎಂಬ ಗೃಹಿಣಿ ‘ತ್ರಿವೇಣಿ’ಯಾಗಿ ಬರೆದು, 1963ರಲ್ಲಿ ಅಕಾಲದಲ್ಲಿ ತೀರಿಕೊಂಡ ಮೇಲೂ, ಅವರ ಕಥಾನಾಯಕಿಯರು ಓದುಗರ ಮನೆಯವರೇ ಆಗಿ ಉಳಿದರು.

ಆದರೆ ಹೊಸ ಹೆಸರುಗಳೆಲ್ಲಕ್ಕೂ ಇಂಚರದಂಥ ಗಟ್ಟಿ ಬೇರಿಲ್ಲವೆಂಬುದನ್ನು ಮರೆಮಾಚಿ ಪ್ರಯೋಜನವಿಲ್ಲ. ‘ಸಿಂಚನ’ವೆಂಬ ಹೆಸರು ಮುದ್ದಾಗಿದೆ, ಸಂಸ್ಕೃತದ ಶಿಷ್ಟ ರೂಪ ಮಾತ್ರ ‘ಸೇಚನ’. ‘ತೃಷಾ’ ಎಂದು ಕರೆದರೆ ಬಾಯಾರಿಕೆಯನ್ನು ಕರೆದಂತೆ. ‘ಅನಾಮಿಕಾ’ ಎಂದರೆ ಉಂಗುರದ ಬೆರಳೂ ಹೌದು, ಹೆಸರಿಲ್ಲದವಳೂ ಹೌದು. ಹನ್ನೆರಡು ದಿನ ಯೋಚಿಸಿ ಹೆಸರಿಲ್ಲದವಳೆಂದು ಹೆಸರಿಡುವುದು ಒಂದು ಬಗೆಯ ವಿನೋದವೇ ಸರಿ. ಇನ್ನು ತಂದೆಯ ಹೆಸರಿನ ಮೊದಲಕ್ಷರಕ್ಕೆ ತಾಯಿಯ ಹೆಸರಿನ ಬಾಲವನ್ನು ಅಂಟಿಸಿ, ಆಮೇಲೆ ‘ಲಕ್ಷ್ಮಿಯ ಇನ್ನೊಂದು ಹೆಸರು’ ಎಂದು ಅರ್ಥ ಹಚ್ಚುವವರಿದ್ದಾರೆ. ಜೋಡಿಸಿದ ಹೆಸರು ತಪ್ಪಲ್ಲ; ಇಲ್ಲದ ಅರ್ಥವನ್ನು ಹೇಳಿ ಕೂಸನ್ನು ನಂಬಿಸುವುದು ತಪ್ಪು. ಮುಂದೊಂದು ದಿನ ಆ ಹುಡುಗಿ ನಿಘಂಟನ್ನು ತೆರೆದಾಗ ತನ್ನ ಹೆಸರು ಅಲ್ಲಿಲ್ಲವೆಂದು ತಿಳಿದು ಪೆಚ್ಚಾಗುವವಳು ಅವಳೇ ಹೊರತು ಹೆಸರಿಟ್ಟವರಲ್ಲ.

ಇನ್ನು ಶಾಸ್ತ್ರದ ಮಾತು. ಹೆಣ್ಣಿನ ಹೆಸರು ಸುಖವಾಗಿ ಉಚ್ಚರಿಸುವಂತಿರಬೇಕು, ಕ್ರೂರವಾಗಿರಬಾರದು, ಅರ್ಥ ಸ್ಪಷ್ಟವಾಗಿರಬೇಕು, ಮನೋಹರವಾಗಿರಬೇಕು, ದೀರ್ಘಸ್ವರದಲ್ಲಿ ಮುಗಿಯಬೇಕು ಎನ್ನುತ್ತದೆ ಮನುಸ್ಮೃತಿ. ಅಕ್ಷರಗಳ ಸಂಖ್ಯೆ ಬೆಸವಾಗಿರಬೇಕೆಂಬುದು ಪಾರಸ್ಕರ ಗೃಹ್ಯಸೂತ್ರ. ಇಂಚರಕ್ಕೆ ಮೂರಕ್ಷರ; ದೀರ್ಘವೊಂದರ ಹೊರತು ಮಿಕ್ಕ ಪರೀಕ್ಷೆಗಳಲ್ಲೆಲ್ಲ ಅದು ತೇರ್ಗಡೆಯಾಗುತ್ತದೆ. ಅದೇ ಮನುಸ್ಮೃತಿ ನದಿ, ಮರ, ನಕ್ಷತ್ರ, ಹಕ್ಕಿಗಳ ಹೆಸರುಳ್ಳ ಕನ್ಯೆಯನ್ನು ವರಿಸಬಾರದೆಂದೂ ಹೇಳುತ್ತದೆ. ಕಾವೇರಿ ಕಪಿಲೆಯರ ದಡದ ಜನ ಆ ಮಾತನ್ನು ಎಷ್ಟರಮಟ್ಟಿಗೆ ಕಿವಿಗೆ ಹಾಕಿಕೊಂಡರೆಂಬುದಕ್ಕೆ ನರಸೀಪುರದ ಯಾವ ಬೀದಿಯಲ್ಲಿ ಕೂಗಿ ಕರೆದರೂ ಓಗೊಡುವ ಕಾವೇರಿಯರೇ ಸಾಕ್ಷಿ. ನಕ್ಷತ್ರಾಕ್ಷರವನ್ನು ನೋಡುವವರಿಗೆ ಕೃತ್ತಿಕೆಯ ನಾಲ್ಕು ಪಾದಗಳು ಅ, ಇ, ಉ, ಎ; ಆದ್ದರಿಂದ ಕೃತ್ತಿಕೆಯ ಎರಡನೆಯ ಪಾದದಲ್ಲಿ ಹುಟ್ಟಿದವಳಿಗೆ ಇಂಚರವೆಂದಿಡಲು ಪಂಚಾಂಗದ ಅಡ್ಡಿಯೂ ಇಲ್ಲ.

ಆ ದೀರ್ಘದ ಆಸೆಯಿಂದಲೋ ಏನೋ, ಕೆಲವರು ‘ಇಂಚರಾ’ ಎಂದು ಎಳೆದು ಬರೆಯುತ್ತಾರೆ. ಅದು ಸಲ್ಲದು. ಪದ ಸಂಸ್ಕೃತದ್ದಾಗಿದ್ದರೆ ಆ ಮಾತು ಬೇರೆ. ಕನ್ನಡದ ಇಂಚರ ಹ್ರಸ್ವದಲ್ಲೇ ಮುಗಿಯುತ್ತದೆ. ಸಂಸ್ಕೃತದ ಆಕಾರಾಂತಗಳನ್ನೇ ಕನ್ನಡ ಮೊಟಕುಗೊಳಿಸಿ ‘ಮಾಲಾ’ ಎಂಬುದನ್ನು ‘ಮಾಲೆ’ ಮಾಡಿಕೊಂಡಿರುವಾಗ, ಕನ್ನಡದ ಪದಕ್ಕೇ ಬಾಲ ಹಚ್ಚುವುದು ಎಲ್ಲಿಯ ನ್ಯಾಯ? ಹೆಣ್ಣುತನ ಬೇಕಿದ್ದರೆ ಅದನ್ನು ವಿಭಕ್ತಿ ಪ್ರತ್ಯಯವೇ ಕೊಡುತ್ತದೆ. ಕೋಗಿಲೆಯ ‘ಇಂಚರವನ್ನು’ ಕೇಳುತ್ತೇವೆ. ತೊಟ್ಟಿಲಿನ ‘ಇಂಚರಳನ್ನು’ ಎತ್ತಿಕೊಳ್ಳುತ್ತೇವೆ. ನಪುಂಸಕಲಿಂಗದ ಪದವೊಂದು ಳಕಾರವೊಂದರಿಂದ ಮಗಳಾಗಿಬಿಡುವ ಸೊಗಸು ಕನ್ನಡದ್ದು.

ಅಜ್ಜಿಯ ಪ್ರಶ್ನೆ ಇನ್ನೂ ಉಳಿದಿದೆ: ಅದು ಯಾವ ದೇವರ ಹೆಸರು? ಇದಕ್ಕೆ ಉತ್ತರ ಅಜ್ಜಿಯ ಪೂಜೆಯ ಮಣೆಯ ಮೇಲೆಯೇ ಇದೆ. ಬ್ರಹ್ಮಾಂಡಪುರಾಣಕ್ಕೆ ಸೇರಿದ ಲಲಿತಾ ಸಹಸ್ರನಾಮ ತ್ರಿಪುರಸುಂದರಿಯ ಸಾವಿರ ನಾಮಗಳ ಮಾಲೆ. ಅದರ ಮೊದಲ ಭಾಗದಲ್ಲಿ, ದೇವಿಯನ್ನು ಮುಡಿಯಿಂದ ಅಡಿಯವರೆಗೆ ಬಣ್ಣಿಸುವ ಕಡೆ, ಅವಳ ಮಾತಿನ ಇಂಪನ್ನೇ ಹೇಳುವ ಒಂದು ನಾಮವಿದೆ. ಸರಸ್ವತಿಯ ವೀಣೆಗೆ ‘ಕಚ್ಛಪಿ’ ಎಂದು ಹೆಸರು. ಆ ವೀಣೆಯೂ ನಾಚಿ ತಲೆತಗ್ಗಿಸುವಷ್ಟು ಸವಿಯಾದ ನುಡಿಯುಳ್ಳವಳು ಎಂಬುದು ಆ ನಾಮದ ತಾತ್ಪರ್ಯ. ಸೌಂದರ್ಯಲಹರಿಯಲ್ಲಂತೂ ಆ ನುಡಿಯನ್ನು ಕೇಳಿದ ವಾಣಿ ತನ್ನ ವೀಣೆಗೆ ಮೆಲ್ಲನೆ ಮುಸುಕು ಹಾಕಿಬಿಡುತ್ತಾಳೆ. ಸಂಸ್ಕೃತದಲ್ಲಿ ಅಷ್ಟು ದೊಡ್ಡ ಸಮಾಸವಾಗಿ ಹರಡಿರುವುದನ್ನು ಕನ್ನಡದಲ್ಲಿ ಒಂದೇ ಪದದಲ್ಲಿ ಹೇಳು ಎಂದರೆ, ಹೇಳಬೇಕಾದ ಪದ ಇಂಚರವೇ.

ಮಂತ್ರದ ಹೆಸರು ಬೇರೆ, ಕರೆಯುವ ಹೆಸರು ಬೇರೆ ಇರಬಹುದೆಂಬುದು ನಾಮಕರಣದ ಸಂಪ್ರದಾಯಕ್ಕೆ ಹೊಸ ಸಂಗತಿಯಲ್ಲ. ಅಕ್ಕಿಯ ಮೇಲೆ ಚಿನ್ನದ ಉಂಗುರದಿಂದ ಬರೆಯುವಾಗ ದೇವತಾನಾಮ, ನಕ್ಷತ್ರನಾಮ, ವ್ಯಾವಹಾರಿಕ ನಾಮ ಎಂದು ಒಂದಕ್ಕಿಂತ ಹೆಚ್ಚು ಹೆಸರುಗಳನ್ನು ಬರೆಯುವ ಪದ್ಧತಿ ಎಷ್ಟೋ ಮನೆಗಳಲ್ಲುಂಟು. ಕಿವಿಯಲ್ಲಿ ಉಸುರುವುದು ತ್ರಿಪುರಸುಂದರಿಯಾದರೆ ಕಛೇರಿಯ ದಾಖಲೆಯಲ್ಲಿ ಬರೆಯಿಸುವುದು ಇಂಚರವಾಗಬಹುದು. ಅವಸರವೂ ಬೇಡ: 1969ರ ಜನನ ಮರಣ ನೋಂದಣಿ ಅಧಿನಿಯಮದ ನಿಯಮಗಳ ಪ್ರಕಾರ, ಜನನ ನೋಂದಣಿಯಾದ ಮೇಲೆ ಹೆಸರನ್ನು ಸೇರಿಸಲು ಹನ್ನೆರಡು ತಿಂಗಳವರೆಗೆ ಶುಲ್ಕವಿಲ್ಲ. ಬರೆಯಿಸುವಾಗ ಕೊನೆಯ ಅಕ್ಷರಕ್ಕೆ ದೀರ್ಘ ಬೀಳದಂತೆ ಗುಮಾಸ್ತರ ಬಳಿ ನಿಂತು ನೋಡಿಕೊಂಡರೆ ಸಾಕು.

ಇಷ್ಟಾದ ಮೇಲೆಯೂ ಮನೆಯಲ್ಲಿ ಕೂಸನ್ನು ಯಾರೂ ಇಂಚರ ಎಂದು ಪೂರ್ತಿ ಕರೆಯುವುದಿಲ್ಲವೆಂಬುದು ನಿಶ್ಚಯ. ತಂದೆ ‘ಇಂಚು’ ಎಂದು ಮೊಟಕು ಮಾಡಿ ಅಳತೆಗೋಲಿನ ಗುರುತಿಗೆ ತಂದು ನಿಲ್ಲಿಸಿಯಾನು. ಅಜ್ಜಿಯಂತೂ ಎಣ್ಣೆ ನೀರೆರೆಯುವಾಗ ಮೊಮ್ಮಗಳನ್ನು ‘ಸುಂದರಿ’ ಎಂದೇ ಕರೆಯುತ್ತಾಳೆ. ಅದಕ್ಕೆ ಸೊಸೆಯ ಅಪ್ಪಣೆ ಬೇಕಾಗಿಲ್ಲ.